ಒಂದೇ ಕಾನೂನಿನ ಎರಡು ಪಟ್ಟಯ

ಕಳೆದ ಮಳೆಗಾಲ ಮುಗಿಯುತ್ತಾ ಬಂದಿದ್ದ ಒಂದು ಶನಿವಾರ, ತೋಟದಾಚೆಯ ಗುಡ್ಡೆಯ ಬದಿಯಲ್ಲಿರುವ ಅಕ್ಕ ನಮ್ಮ ಅಂಗಳಕ್ಕೆ ಬಂದು ನಿಂತರು. ಅವರು ಬಂದರೆ ಅಂಗಳದ ಮೂಲೆಯ ಕಲ್ಲಿನ ಹತ್ತಿರವೇ ನಿಲ್ಲುವುದು. ಒಳಗೆ ಬನ್ನಿ ಎಂದು ಒತ್ತಾಯಿಸಿದರೆ ಜಗಲಿಯ ಕೆಳಗಿನ ಮೆಟ್ಟಿಲಿನ ತನಕ ಬರುತ್ತಾರೆ, ಅಷ್ಟೇ. ಅಮ್ಮ ಕೊಟ್ಟ ಚಹಾ ಕುಡಿದು, ಲೋಟ ತೊಳೆದು ಮಗುಚಿಟ್ಟು, ನನ್ನ ಕಡೆ ತಿರುಗಿ ಹೇಳಿದರು: "ನಮ್ಮ ಅಜ್ಜನ ಕಾಗದ ನಿಮ್ಮಲ್ಲಿದೆಯಂತಲ್ಲ, ಅದು ಬೇಕಿತ್ತು."

ಯಾವ ಕಾಗದ ಎಂದು ನನಗೆ ತಿಳಿಯಲಿಲ್ಲ. ಅಪ್ಪನಿಗೆ ತಿಳಿಯಿತು. ಅಟ್ಟದ ಟ್ರಂಕಿನಲ್ಲಿದೆ, ಹುಡುಕಬೇಕು, ನಾಳೆ ನೋಡೋಣ ಎಂದರು. ಅಕ್ಕನಿಗೆ ಮನೆ ಕಟ್ಟುವ ಸಹಾಯಧನಕ್ಕೆ ಅರ್ಜಿ ಹಾಕಬೇಕಿತ್ತು, ಅದಕ್ಕೆ ಜಾಗದ ದಾಖಲೆ ಬೇಕಿತ್ತು. ಕಾಗದ ಸಿಕ್ಕ ಮೇಲೆ ಕೊಂಡೊಯ್ದರಾಯಿತು, ಮೊದಲು ಅರ್ಜಿಯ ಉಳಿದ ಭಾಗವನ್ನಾದರೂ ತುಂಬಿಸೋಣ ಎಂದು ನಾನೇ ಅವರ ಜೊತೆ ಪೇಟೆಯ ಆನ್‌ಲೈನ್ ಸೇವಾ ಕೇಂದ್ರಕ್ಕೆ ಹೋದೆ. ಅರ್ಜಿ ಮಲಯಾಳದಲ್ಲಿತ್ತು. ಅಕ್ಕನ ಮನೆಮಾತು ತುಳು, ಎರಡನೆಯ ತರಗತಿಯ ತನಕ ಕಲಿತದ್ದು ಕನ್ನಡ. ಪರದೆಯ ಮೇಲಿನ ಮಲಯಾಳವನ್ನು ನಾನು ತುಳುವಿಗೆ ತಿರುಗಿಸಿ ಕೇಳುವುದು, ಅವರು ಹೇಳಿದ್ದನ್ನು ಕಂಪ್ಯೂಟರಿನ ಮುಂದಿದ್ದ ಹುಡುಗನಿಗೆ ಮಲಯಾಳದಲ್ಲಿ ಒಪ್ಪಿಸುವುದು. ಇದರಲ್ಲಿ ವಿಶೇಷವೇನಿಲ್ಲ. ಕಾಸರಗೋಡಿನಲ್ಲಿ ನಾಲ್ಕಕ್ಷರ ಕಲಿತ ಪ್ರತಿಯೊಬ್ಬರೂ ಯಾರಿಗಾದರೂ ಈ ಚಾಕರಿ ಮಾಡಿದವರೇ.

ಉದ್ಯೋಗದ ಕಾಲಂ ಬಂತು. ಬೇಲೆ ದಾನೆ ಎಂದು ಕೇಳಿದೆ. ಅಕ್ಕ ಬೆರಳು ಮಡಿಸಿದರು. ಬೀಡಿ ಕಟ್ಟುವುದು, ಅದು ಸಂಜೆಯಿಂದ ರಾತ್ರಿ ಹನ್ನೊಂದರ ತನಕ. ಅಡಿಕೆಯ ಕಾಲದಲ್ಲಿ ಮೂರು ಮನೆಗಳಲ್ಲಿ ಅಡಿಕೆ ಸುಲಿಯುವುದು. ತೊಳಿಲುರಪ್ಪಿನ, ಅಂದರೆ ಉದ್ಯೋಗ ಖಾತ್ರಿಯ ಕೆಲಸ ಬಂದಾಗ ಅದಕ್ಕೆ. ಮನೆಯಲ್ಲಿ ಒಂದು ದನ, ಅದಕ್ಕೆ ಹುಲ್ಲು. ಮಳೆಗಾಲಕ್ಕೆ ಮುಂಚೆ ಗುಡ್ಡೆಯಿಂದ ಸೊಪ್ಪು, ತರಗೆಲೆ, ಸೌದೆ. ನಮ್ಮ ತೋಟಕ್ಕೆ ಗೊಬ್ಬರ ಹೊರುವುದೂ ಅವರೇ ಎನ್ನುವುದು ಅವರು ಹೇಳಿದ ಮೇಲೆ ನನಗೆ ನೆನಪಾಯಿತು. ಹುಡುಗ ಕೇಳಿಸಿಕೊಂಡ. ಒಳ್ಳೆಯ ಹುಡುಗ, ಅವಸರದವನಲ್ಲ. "ಒಂದೇ ಹಾಕಲಿಕ್ಕೆ ಆಗುವುದು ಚೇಚಿ" ಎಂದು ಪಟ್ಟಿಯನ್ನು ಕೆಳಗೆ ಜಾರಿಸಿ, ಎಲ್ಲಿಯೂ ನಿಲ್ಲಲಾಗದೆ, ಕೊನೆಗೆ 'ವೀಟಮ್ಮ' ಎಂದು ಒತ್ತಿದ. ಗೃಹಿಣಿ.

ನಾನು ಅದನ್ನು ತುಳುವಿನಲ್ಲಿ ಹೇಳಿದಾಗ ಅಕ್ಕ ನಕ್ಕುಬಿಟ್ಟರು. ಮನೆಯಲ್ಲಿ ಕೂತದ್ದು ಯಾವಾಗ ಎಂದು ಕೇಳಿದರು. ನಾನೂ ನಕ್ಕೆ. ಆದರೆ ನನ್ನ ನಗೆಯಲ್ಲಿ ಹುಳುಕಿತ್ತು. ಹತ್ತೊಂಬತ್ತು ವರ್ಷಗಳಿಂದ ಕಾಲೇಜಿನಲ್ಲಿ ಅರ್ಥಶಾಸ್ತ್ರ ಹೇಳಿಕೊಡುತ್ತಿರುವವಳು ನಾನು. ದೇಶದ ಕಾರ್ಮಿಕ ಬಲದ ಸಮೀಕ್ಷೆಯಲ್ಲಿ 92 ಮತ್ತು 93 ಎಂಬ ಎರಡು ಸಂಕೇತಗಳಿವೆ. 92 ಎಂದರೆ ಮನೆಗೆಲಸ ಮಾತ್ರ. 93 ಎಂದರೆ ಮನೆಗೆಲಸದ ಜೊತೆಗೆ ಸೌದೆ, ಸೊಪ್ಪು, ಮೇವು ಪುಕ್ಕಟೆಯಾಗಿ ತರುವುದು, ಮನೆಯ ಬಳಕೆಗೆ ಹೊಲಿಯುವುದು, ನೇಯುವುದು. ಎರಡೂ ಕಾರ್ಮಿಕ ಬಲದ ಲೆಕ್ಕದಿಂದ ಹೊರಗೆ. ಕೂಲಿಗೆ ಬೀಡಿ ಕಟ್ಟುವುದು ನಿಯಮದ ಪ್ರಕಾರ ಕೆಲಸವೇ. ಆದರೆ ಸಮೀಕ್ಷೆಯವರು ಬಂದಾಗ ಜಗಲಿಯಲ್ಲಿ ಕೂತು ಉತ್ತರಿಸುವವರು ಮನೆಯ ಗಂಡಸರು, ಮತ್ತು ಅವರ ಬಾಯಲ್ಲಿ ಬರುವ ಮಾತು "ಅವಳಾ, ಮನೆಯಲ್ಲೇ ಇದ್ದಾಳೆ." ಇಷ್ಟನ್ನೂ ನಾನು ಪ್ರತಿ ವರ್ಷ ಬೋರ್ಡಿನ ಮೇಲೆ ಬರೆಯುತ್ತೇನೆ, ಪರೀಕ್ಷೆಗೆ ಐದು ಅಂಕದ ಪ್ರಶ್ನೆಯಾಗಿ ಕೇಳುತ್ತೇನೆ. ನಮ್ಮ ತೋಟಕ್ಕೆ ಗೊಬ್ಬರ ಹೊರುವವರು ಯಾವ ಸಂಕೇತದವರು ಎಂದು ಮಾತ್ರ ಕೇಳಿಕೊಂಡಿರಲಿಲ್ಲ.

ಬೀಡಿಯ ವಿಷಯಕ್ಕೆ ಇಲ್ಲೇ ಒಂದು ಮಾತು. 1966ರ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆಯನ್ನು ಕೇರಳ ಜಾರಿಗೆ ತರಲು ಹೊರಟಾಗ ಮಂಗಳೂರಿನ ಬೀಡಿ ಮಾಲೀಕರು ಕಣ್ಣೂರಿನ ಕೆಲಸದ ಮನೆಗಳನ್ನು ಮುಚ್ಚಿಕೊಂಡು ಹೋದರು. ಕೆಲಸ ಕಳೆದುಕೊಂಡವರು 1969ರಲ್ಲಿ ಕಟ್ಟಿದ ಸಹಕಾರಿ ಸಂಘವೇ ದಿನೇಶ್ ಬೀಡಿ. ಕೂತು ಬೀಡಿ ಸುತ್ತುವವರಿಗೆ ಒಬ್ಬ ಪತ್ರಿಕೆ ಓದಿ ಹೇಳುತ್ತಿದ್ದ ಆ ಶೆಡ್ಡುಗಳ ಕಥೆ ಕೇರಳದ ಕಾರ್ಮಿಕ ಚರಿತ್ರೆಯ ಹೆಮ್ಮೆ. ಒಪ್ಪೋಣ. ಆದರೆ ಆ ಶೆಡ್ಡುಗಳಲ್ಲಿ ಕೂತಿದ್ದವರು ಹೆಚ್ಚಾಗಿ ಗಂಡಸರು. ಚಂದ್ರಗಿರಿ ಹೊಳೆಯಿಂದ ಬಡಗಿನ ನಮ್ಮ ಕಡೆ ಬೀಡಿ ಎಂದರೆ ಹೆಂಗಸರು, ಅವರವರ ಮನೆಯ ಚಾವಡಿ, ಮಡಿಲಲ್ಲಿ ಗೆರಸೆ, ಎಲೆ ಮತ್ತು ಹೊಗೆಸೊಪ್ಪು ತೂಗಿ ಕೊಡುವ ಕಂಟ್ರಾಕ್ಟುದಾರ, ಸಾವಿರಕ್ಕೆ ಇಷ್ಟು ಎಂಬ ಮಜೂರಿ. ಕಾನೂನು ಶೆಡ್ಡನ್ನು ಸುಲಭವಾಗಿ ಕಂಡಿತು. ಗೆರಸೆ ಕಾಣಬೇಕಾದರೆ ಮನೆಯೊಳಗೆ ಬಗ್ಗಿ ನೋಡಬೇಕಿತ್ತು.

ಟ್ರಂಕಿನಲ್ಲಿ ಸಿಕ್ಕಿದ್ದು

ಮರುದಿನ ಅಟ್ಟ ಹತ್ತಿದೆ. ಟ್ರಂಕಿನ ಮುಚ್ಚಳಕ್ಕೆ ತುಕ್ಕು ಹಿಡಿದು, ಅಪ್ಪ ಕೊಡಲಿಯ ಹಿಡಿಯಿಂದ ಎರಡು ಪೆಟ್ಟು ಕೊಟ್ಟ ಮೇಲೆ ತೆರೆಯಿತು. ಜಾತಕಗಳು, ಕಂದಾಯದ ರಶೀದಿಗಳು, ಅಜ್ಜನ ಗೇಣಿ ಚೀಟಿಗಳು. ವರ್ಷಕ್ಕೆ ಇಷ್ಟು ಮುಡಿ ಅಕ್ಕಿ, ಇಷ್ಟು ತೆಂಗಿನಕಾಯಿ, ಒಂದು ಹಲಸಿನಹಣ್ಣು, ಒಂದು ಗೊನೆ ಬಾಳೆ ಎಂದು ಧಣಿಗಳ ಮನೆಯ ಶಾನುಭೋಗರು ಮೋಡಿಯಂತೆ ಬರೆದ ಕನ್ನಡ. ಅದರ ಕೆಳಗೆ ಪ್ಲಾಸ್ಟಿಕ್ಕಿನಲ್ಲಿ ಸುತ್ತಿಟ್ಟ ಎರಡು ಪಟ್ಟಯಗಳು, ಅಂದರೆ ಭೂಮಿಯ ಹಕ್ಕುಪತ್ರಗಳು, ಎರಡೂ 1976ರವು, ಎರಡೂ ಮಲಯಾಳದಲ್ಲಿ. ಒಂದು ನಮ್ಮ ಅಜ್ಜನದು, ಮೂರೆಕರೆಗೆ ಸ್ವಲ್ಪ ಕಡಿಮೆ. ಇನ್ನೊಂದು ಅಕ್ಕನ ಅಜ್ಜನದು, ಹತ್ತು ಸೆಂಟ್ಸ್, ಅಂದರೆ ಎಕರೆಯ ಹತ್ತರಲ್ಲೊಂದು ಪಾಲು.

ನಮ್ಮ ಮನೆಯಲ್ಲಿ ಮೊದಲನೆಯ ಪಟ್ಟಯದ ಕಥೆಯನ್ನು ಕೇಳಿಯೇ ನಾನು ದೊಡ್ಡವಳಾದದ್ದು. ನಾವು ಬಿಲ್ಲವರು. ಅಜ್ಜ ಚಾಲಗೇಣಿ ಒಕ್ಕಲು. ಚಾಲಗೇಣಿ ಎಂದರೇನೆಂದು ನಮ್ಮ ಕಡೆಯವರಿಗೆ ಹೇಳಬೇಕಾಗಿಲ್ಲ: ಧಣಿ ಏಳು ಎಂದರೆ ಏಳಬೇಕು, ಅಷ್ಟೇ. ಗೇಣಿ ಅಕ್ಕಿಯ ಮುಡಿ ಹೊತ್ತುಕೊಂಡು ಹೋದಾಗ ಧಣಿಗಳ ಮನೆಯ ಅಂಗಳದಲ್ಲಿ ಎಲ್ಲಿ ನಿಲ್ಲಬೇಕು ಎನ್ನುವುದಕ್ಕೆ ಒಂದು ಗೆರೆ ಇತ್ತಂತೆ, ಕಣ್ಣಿಗೆ ಕಾಣದ್ದು, ಆದರೆ ಎಲ್ಲರಿಗೂ ತಿಳಿದದ್ದು. 1970ರ ಜನವರಿ 1ರಿಂದ ಕೇರಳದಲ್ಲಿ ಒಕ್ಕಲುತನದ ಭೂಮಿಯೆಲ್ಲ ಸರ್ಕಾರದ ವಶಕ್ಕೆ ಬಂತು. ನ್ಯಾಯಗೇಣಿಯ ಹದಿನಾರು ಪಟ್ಟು ಕ್ರಯ ಕಟ್ಟಿದ ಒಕ್ಕಲು ಭೂಮಾಲೀಕನಾಗಬಹುದಾಯಿತು. ಅಜ್ಜ ಲ್ಯಾಂಡ್ ಟ್ರಿಬ್ಯೂನಲ್ಲಿಗೆ ಅಲೆದು, ಸಾಕ್ಷಿ ಹಾಕಿಸಿ, ಕಂತು ಕಟ್ಟಿ ಪಟ್ಟಯ ತಂದರು. ಗದ್ದೆಯ ಅರ್ಧ ಭಾಗವನ್ನು ಅಡಿಕೆ ತೋಟ ಮಾಡಿದರು. ಆ ಅಡಿಕೆಯಿಂದ ಅಪ್ಪ ಹತ್ತನೆಯ ತರಗತಿ ಮುಗಿಸಿದರು, ನಾನು ಎಂ.ಎ. ಮಾಡಿದೆ. ಭೂಸುಧಾರಣೆಯ ಬಗ್ಗೆ ಯಾರಾದರೂ ಹಗುರವಾಗಿ ಮಾತಾಡಿದರೆ ನಾನು ಜಗಳಕ್ಕೆ ನಿಲ್ಲುತ್ತೇನೆ. ಈಗಲೂ.

ಎರಡನೆಯ ಪಟ್ಟಯದ ಕಥೆ ನಮ್ಮ ಮನೆಯಲ್ಲಿ ಬೇರೆ ರೀತಿಯಲ್ಲಿ ಚಾಲ್ತಿಯಲ್ಲಿತ್ತು. "ಕುಡಿಕಿಡಪ್ಪಿನಲ್ಲಿ ಹತ್ತು ಸೆಂಟ್ಸ್ ಹೋಯಿತು" ಎಂದು. ಹೋಯಿತು. ಅಜ್ಜಿ ಸಾಯುವ ತನಕವೂ ಗುಡ್ಡೆಯ ಬದಿಯ ಆ ತುಂಡನ್ನು ತೋರಿಸಿ ಅಲ್ಲೊಂದು ಒಳ್ಳೆಯ ಹಲಸಿನ ಮರ ಇತ್ತು ಎನ್ನುತ್ತಿದ್ದರು. ಇನ್ನೊಬ್ಬರ ಜಾಗದಲ್ಲಿ ಗುಡಿಸಲು ಹಾಕಿಕೊಂಡಿದ್ದ ಕೂಲಿಯವರಿಗೆ ಅದೇ ಕಾನೂನು ಪಂಚಾಯತು ಪ್ರದೇಶದಲ್ಲಿ ಹತ್ತು ಸೆಂಟ್ಸ್, ಮುನಿಸಿಪಾಲಿಟಿಯಲ್ಲಿ ಐದು, ದೊಡ್ಡ ಶಹರಗಳಲ್ಲಿ ಮೂರು ಸೆಂಟ್ಸ್ ಕೊಂಡುಕೊಳ್ಳುವ ಹಕ್ಕು ಕೊಟ್ಟಿತ್ತು. ಕುಡಿಕಿಡಪ್ಪು ಎಂದರೆ ಅದೇ. ಧಣಿಗಳಿಂದ ಮೂರೆಕರೆ ನಮಗೆ ಬಂದದ್ದು ನ್ಯಾಯ, ನಮ್ಮಿಂದ ಹತ್ತು ಸೆಂಟ್ಸ್ ಅವರಿಗೆ ಹೋದದ್ದು ನಷ್ಟ. ಒಂದೇ ಟ್ರಂಕಿನಲ್ಲಿ, ಒಂದೇ ಪ್ಲಾಸ್ಟಿಕ್ಕಿನಲ್ಲಿ ಈ ಎರಡೂ ಲೆಕ್ಕ ಸುಖವಾಗಿ ಮಲಗಿದ್ದವು.

ಅವರ ಕಾಗದ ನಮ್ಮ ಟ್ರಂಕಿಗೆ ಬಂದದ್ದಾದರೂ ಹೇಗೆ? ಅಪ್ಪ ಹೇಳುವುದು: ಅವರಿಗೆ ಓದಲು ಬರುತ್ತಿರಲಿಲ್ಲ, ಗುಡಿಸಲು ಸೋರುತ್ತಿತ್ತು, ಜೋಪಾನವಾಗಿರಲಿ ಎಂದು ಅವರೇ ತಂದುಕೊಟ್ಟರು. ಅಕ್ಕ ಹೇಳುವುದು: ಕಾಗದ ಬಂದ ದಿನವೇ ನಿಮ್ಮ ಅಜ್ಜ ತರಿಸಿಕೊಂಡರಂತೆ. ಎರಡೂ ನಿಜವಿರಬಹುದು. ತಂದುಕೊಡು ಎನ್ನುವುದಕ್ಕೂ ತಂದುಕೊಟ್ಟರು ಎನ್ನುವುದಕ್ಕೂ ನಡುವೆ ಆ ಕಾಲದಲ್ಲಿ ಹೆಚ್ಚು ಜಾಗ ಇರಲಿಲ್ಲ.

ಉಳುವವನು ಯಾರು

ಗಡಿಯಾಚೆ ವಿಟ್ಲದ ಕಡೆ ಇರುವ ನನ್ನ ಅತ್ತೆಯ ಮನೆಯವರಿಗೆ ಭೂಮಿ ಬಂದದ್ದು ಬೇರೆ ಕಾನೂನಿನಲ್ಲಿ. ಅಲ್ಲಿ ಅದಕ್ಕೆ ಹೇಳುವುದು ಡಿಕ್ಲರೇಷನ್. 1974ರ ತಿದ್ದುಪಡಿ, ದೇವರಾಜ ಅರಸರ ಕಾಲ, ಫಾರಂ ನಂಬರ್ 7. ಕಾಗದ ಕನ್ನಡದಲ್ಲಿರುವುದೊಂದನ್ನು ಬಿಟ್ಟರೆ ಕಥೆ ನಮ್ಮದೇ. "ಉಳುವವನೇ ಹೊಲದೊಡೆಯ" ಎಂಬ ಘೋಷಣೆ ನಾವು ಕನ್ನಡ ಶಾಲೆಯಲ್ಲಿ ಓದಿದವರಿಗೆಲ್ಲ ಬಾಯಿಪಾಠ. ಕಿವಿಗೆ ಎಷ್ಟು ಇಂಪಾದ ಮಾತು! ಅದನ್ನು ಒಮ್ಮೆ ಪದಶಃ ತೆಗೆದುಕೊಂಡು ನೋಡಿ. ನಮ್ಮ ಗದ್ದೆಯನ್ನು ಉತ್ತವರು ಯಾರು? ಅಜ್ಜ ನೇಗಿಲು ಹಿಡಿಯುತ್ತಿದ್ದರು, ಸುಳ್ಳಲ್ಲ. ಆದರೆ ಕೋಣಗಳನ್ನು ಸಾಕಿದವರು, ಏಣೇಲು, ಸುಗ್ಗಿ ಎರಡೂ ಬೆಳೆಗೆ ಕೆಸರಿನಲ್ಲಿ ದಿನಗಟ್ಟಲೆ ಉತ್ತವರು, ಅಡಿಕೆ ತೋಟಕ್ಕೆ ನೀರು ಹರಿಯುವ ಕಣಿ ತೋಡಿದವರು, ಬೇಸಗೆಯಿಡೀ ಏತದಲ್ಲಿ ನೀರು ಮೊಗೆದವರು ಅಕ್ಕನ ಅಜ್ಜ. ನಾಟಿ ಮಾಡಿದವರು ಅವರ ಹೆಂಡತಿ. ಕಾನೂನಿನಲ್ಲಿ 'ಉಳುವವನು' ಎಂದರೆ ಗೇಣಿ ಕೊಡುವವನು. ಗೇಣಿ ಕೊಡಬೇಕಾದರೆ ಮೊದಲು ಗೇಣಿಗೆ ಭೂಮಿ ಸಿಗಬೇಕು. ಅಕ್ಕನ ಜಾತಿಯವರಾದ ಮೊಗೇರರಿಗೆ ಗೇಣಿಗೆ ಭೂಮಿ ಕೊಡುವ ಧಣಿ ನಮ್ಮ ಊರಿನಲ್ಲಿ ಇರಲಿಲ್ಲ. ಅವರು ಮೂಲದಾಳು, ಭೂಮಿಯ ಜೊತೆಗೇ ಲೆಕ್ಕಕ್ಕೆ ಸೇರಿದವರು.

ಅಂದರೆ, ಯಾರು ಒಕ್ಕಲಾಗಬಹುದು ಎನ್ನುವುದನ್ನು ಜಾತಿ ಮೊದಲೇ ತೀರ್ಮಾನಿಸಿಯಾಗಿತ್ತು. ಆಮೇಲೆ ಬಂದ ಕಾನೂನು ಯಾವ ಜಾತಿಯ ಹೆಸರನ್ನೂ ಎತ್ತದೆ, ಒಕ್ಕಲಿಗೆ ಮೂರೆಕರೆ, ಕೂಲಿಗೆ ಹತ್ತು ಸೆಂಟ್ಸ್ ಎಂದು ಹಂಚಿತು. ನಾನು ಎಂ.ಎ.ಯಲ್ಲಿ ಓದಿದ ಭೂಸುಧಾರಣೆಯ ಪಾಠದಲ್ಲಿ ಗೇಣಿಯ ದರ, ಮಿತಿ, ಉತ್ಪಾದಕತೆ ಎಲ್ಲ ಇತ್ತು, ಜಾತಿ ಇರಲಿಲ್ಲ. ಜಾತಿ ಸಮಾಜಶಾಸ್ತ್ರದವರ ಪಾಲು. ಅಂಬೇಡ್ಕರರನ್ನು ರಾಜ್ಯಶಾಸ್ತ್ರದವರಿಗೆ ಕೊಟ್ಟಾಗಿತ್ತು. ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸಿನಲ್ಲಿ ಡಾಕ್ಟರೇಟು ಪಡೆದ ಆ ಮನುಷ್ಯ, ಸಣ್ಣ ಹಿಡುವಳಿಗಳ ಬಗ್ಗೆ 1918ರಲ್ಲೇ ಬರೆದವರು, ನಮ್ಮ ಅರ್ಥಶಾಸ್ತ್ರದ ಪಠ್ಯದಲ್ಲಿ ಒಂದು ಸಾಲಿಗೂ ಬಂದಿರಲಿಲ್ಲ. ಜಾತಿ ಶ್ರಮದ ವಿಭಜನೆಯಲ್ಲ, ಶ್ರಮಿಕರ ವಿಭಜನೆ ಎಂಬ ಅವರ ಮಾತನ್ನು ಈಗ ಎಲ್ಲರೂ ಹೇಳುತ್ತಾರೆ. ನನ್ನನ್ನು ಹೆಚ್ಚು ಕಾಡುವುದು ಅವರ ಇನ್ನೊಂದು ಮಾತು, ಶ್ರೇಣೀಕೃತ ಅಸಮಾನತೆ. ಧಣಿಗಳ ಅಂಗಳದಲ್ಲಿ ಅಜ್ಜ ಎಲ್ಲಿ ನಿಲ್ಲಬೇಕೆಂದು ಒಂದು ಗೆರೆ ಇತ್ತು ಎಂದೆನಲ್ಲ, ನಮ್ಮ ಅಂಗಳದಲ್ಲಿಯೂ ಒಂದಿದೆ. ಅಕ್ಕ ಈಗಲೂ ಆ ಕಲ್ಲಿನ ಹತ್ತಿರವೇ ನಿಲ್ಲುತ್ತಾರೆ.

ಕಂಸದೊಳಗಿನ ಜನ

ಅರ್ಜಿಗೆ ಜಾತಿ ಪ್ರಮಾಣಪತ್ರವೂ ಬೇಕಾಯಿತು. ಕೇರಳದ ಪರಿಶಿಷ್ಟ ಜಾತಿಗಳ ಪಟ್ಟಿಯಲ್ಲಿ ಮೊಗೇರ ಎಂಬ ಹೆಸರಿನ ಮುಂದೆ ಕಂಸದಲ್ಲಿ 'ಮೊಗೆಯರ್ ಅಲ್ಲದವರು' ಎಂದಿದೆ. ಮೀನುಗಾರ ಸಮುದಾಯದ ಹೆಸರು ಹತ್ತಿರ ಹತ್ತಿರ ಹೀಗೆಯೇ ಇರುವುದರಿಂದ ಈ ಕಂಸ. ಅಕ್ಷರ ಒಂದು ಅತ್ತಿತ್ತ ಆದರೆ ಮನುಷ್ಯ ಇನ್ನೊಂದು ಪಟ್ಟಿಗೆ ಜಾರುತ್ತಾನೆ. ತುಳುವಿನ ಹೆಸರನ್ನು ಮಲಯಾಳದಲ್ಲಿ ಬರೆದು ಇಂಗ್ಲಿಷಿನಲ್ಲಿ ಟೈಪಿಸುವ ಊರಿನಲ್ಲಿ ಅಕ್ಷರ ಅತ್ತಿತ್ತ ಆಗದಿದ್ದರೇ ಆಶ್ಚರ್ಯ. ಅಕ್ಕನ ಪಡಿತರ ಚೀಟಿಯಲ್ಲಿ ಒಂದು ರೀತಿ, ಶಾಲೆಯ ಸರ್ಟಿಫಿಕೇಟಿನಲ್ಲಿ ಇನ್ನೊಂದು ರೀತಿ ಇತ್ತು. ಎರಡು ವಾರ ಅದಕ್ಕೇ ಹೋಯಿತು.

ಮರಾಟಿ ನಾಯ್ಕರದು ಇದಕ್ಕಿಂತ ಕಠೋರವಾದ ಕಥೆ. ದಕ್ಷಿಣ ಕನ್ನಡದಲ್ಲಿ ಅವರು ಪರಿಶಿಷ್ಟ ಪಂಗಡ. ಹೊಸದುರ್ಗ ಮತ್ತು ಕಾಸರಗೋಡು ತಾಲೂಕುಗಳ ಮರಾಟಿಗಳೂ ಹಾಗೆಯೇ ಇದ್ದರು. 2002ರ ತಿದ್ದುಪಡಿ ಕಾಯ್ದೆ ಅವರನ್ನು ಕೇರಳದ ಪಟ್ಟಿಯಿಂದ ತೆಗೆದುಹಾಕಿತು. 2013ರ ಇನ್ನೊಂದು ತಿದ್ದುಪಡಿ ಮತ್ತೆ ಸೇರಿಸಿತು. ನಡುವಿನ ಹತ್ತು ವರ್ಷಗಳಲ್ಲಿ ಅವರ ಮನೆಗಳಲ್ಲಿ ಏನೂ ಬದಲಾಗಿರಲಿಲ್ಲ: ಅದೇ ಗುಡ್ಡೆ, ಅದೇ ಕೂಲಿ, ಅದೇ ದೇವರು. ನನ್ನ ತರಗತಿಯಲ್ಲಿ ಆ ಕಾಲದಲ್ಲಿ ಕೂತಿದ್ದ ಒಬ್ಬ ಹುಡುಗನ ಅಕ್ಕನಿಗೆ ಮೀಸಲಾತಿಯ ಸೀಟು ಸಿಕ್ಕಿತ್ತು, ಅವನಿಗಿಲ್ಲ. ಗಡಿಯಾಚೆಯ ಮಾವನ ಮಕ್ಕಳಿಗೆ ಇದೆ, ಅವನಿಗಿಲ್ಲ. ಈಗ ಅವನಿಗೆ ವಯಸ್ಸು ಮೀರಿದೆ, ಪಟ್ಟಿ ಸರಿಯಾಗಿದೆ.

ನನ್ನದೂ ಹೇಳಿಬಿಡುತ್ತೇನೆ. ಕೇರಳದ ಸರ್ಕಾರಿ ನೇಮಕಾತಿಯಲ್ಲಿ, ಕಡೆಯ ದರ್ಜೆಯ ಹುದ್ದೆಗಳನ್ನು ಬಿಟ್ಟು, ಈಳವ, ತೀಯ, ಬಿಲ್ಲವರಿಗೆಲ್ಲ ಒಟ್ಟಾಗಿ ಶೇ. 14 ಮೀಸಲು. ಕನ್ನಡ ಮಾಧ್ಯಮದಲ್ಲಿ ಓದಿದ ಕಾಸರಗೋಡಿನ ಬಿಲ್ಲವರ ಹುಡುಗಿ, ತಿರುವನಂತಪುರದ ಈಳವರ ಹುಡುಗನ ಜೊತೆ ಅದೇ ಪಾಲಿಗಾಗಿ ಓಡಬೇಕು. ನಾನು ಎರಡು ಸಲ ಓಡಿ ಸೋತೆ. ಆ ಸಿಟ್ಟು ಇನ್ನೂ ಆರಿಲ್ಲ. ಒಂದು ಗುಂಪನ್ನು ಒಂದೇ ಹೆಸರಿನಲ್ಲಿ ಎಣಿಸಿದರೆ ಅದರ ಅಂಚಿನಲ್ಲಿರುವವರು ಕಾಣದೆ ಹೋಗುತ್ತಾರೆ ಎನ್ನುವ ಪಾಠವನ್ನು ನಾನು ಕಲಿತದ್ದು ಪುಸ್ತಕದಿಂದಲ್ಲ. ಆದರೆ ಆ ಪಾಠವನ್ನು ನನ್ನ ಅನ್ಯಾಯ ಅಳೆಯಲು ಮಾತ್ರ ಬಳಸಿದೆ.

ನವೆಂಬರ್ ಒಂದು

ಕಾಸರಗೋಡಿನ ಕನ್ನಡಿಗರಿಗೆ ನವೆಂಬರ್ 1 ಬಂತೆಂದರೆ ಹೊಟ್ಟೆಯೊಳಗೆ ಏನೋ ತಿರುಚುತ್ತದೆ. ಅತ್ತ ರಾಜ್ಯೋತ್ಸವ, ಇತ್ತ ಕೇರಳದ ಹುಟ್ಟುದಿನವಾದ ಕೇರಳಪ್ಪಿರವಿ, ನಡುವೆ ಕಾಸರಗೋಡು ಕೇರಳಕ್ಕೆ ಸೇರಿದ 1956ರ ಹಳೆಯ ಗಾಯ. ಗಡಿ ವಿವಾದದ ಮಹಾಜನ ಆಯೋಗ 1967ರಲ್ಲಿ ಚಂದ್ರಗಿರಿಯ ಉತ್ತರ ಭಾಗ ಮೈಸೂರು ರಾಜ್ಯಕ್ಕೆ ಸೇರಲಿ ಎಂದದ್ದನ್ನು ನೆನೆಯದೆ ಆ ದಿನ ಯಾರ ಭಾಷಣವೂ ಮುಗಿಯುವುದಿಲ್ಲ. ಕಳೆದ ವರ್ಷ, 2025ರಲ್ಲಿ, ಅದೇ ದಿನ ಕೇರಳ ಸರ್ಕಾರ ರಾಜ್ಯವು ಅತಿ ಬಡತನದಿಂದ ಮುಕ್ತವಾಯಿತು ಎಂದು ಘೋಷಿಸಿತು. ಸಮೀಕ್ಷೆ ನಡೆಸಿ 64,006 ಕುಟುಂಬಗಳನ್ನು ಗುರುತಿಸಿ, ಒಂದೊಂದು ಕುಟುಂಬಕ್ಕೂ ಬೇರೆ ಬೇರೆ ಯೋಜನೆ ಮಾಡಿ ಮೇಲೆತ್ತಿದ ಲೆಕ್ಕ. ಆ ಕೆಲಸವನ್ನು ನಾನು ಗೇಲಿ ಮಾಡಲಾರೆ. ಸರಾಸರಿಯನ್ನು ಬಿಟ್ಟು ಮನೆ ಮನೆಗೆ ಹೋದದ್ದೇ ದೊಡ್ಡದು. ಪಟ್ಟಿ ಮಾಡಿದ ರೀತಿಯ ಬಗ್ಗೆ ಹಲವು ಅರ್ಥಶಾಸ್ತ್ರಜ್ಞರು ಪ್ರಶ್ನೆ ಎತ್ತಿದರು, ಆದಿವಾಸಿಗಳ ವಿಷಯವನ್ನು ಮುಖ್ಯವಾಗಿ.

ಅಂದು ನಾನು ಒಂದು ಕನ್ನಡ ಸಭೆಯಲ್ಲಿದ್ದೆ. ಅರ್ಜಿ ನಮೂನೆಗಳು ಕನ್ನಡದಲ್ಲಿ ಸಿಗುವುದಿಲ್ಲ, ಕಚೇರಿಗಳಲ್ಲಿ ಕನ್ನಡ ಬಲ್ಲವರಿಲ್ಲ, ಕನ್ನಡ ಶಾಲೆಗೆ ಕನ್ನಡ ಬಾರದ ಅಧ್ಯಾಪಕರು ಬರುತ್ತಾರೆ. ನಾನೂ ಮಾತಾಡಿದೆ, ಗಟ್ಟಿಯಾಗಿಯೇ. ಸೇವಾ ಕೇಂದ್ರದ ಕಥೆಯನ್ನು ಉದಾಹರಣೆಯಾಗಿ ಹೇಳಿದೆ, ಚಪ್ಪಾಳೆ ಬಂತು. ಕೂತ ಮೇಲೆ ಸುತ್ತ ನೋಡಿದರೆ ವೇದಿಕೆಯ ಮೇಲೂ ಕೆಳಗೂ ತೋಟ ಇದ್ದವರೇ. ಅಡಿಕೆಯ ಧಾರಣೆ ಕುಸಿದಾಗ 1973ರಲ್ಲಿ ಕ್ಯಾಂಪ್ಕೊ ಕಟ್ಟಿ ಎರಡು ರಾಜ್ಯಗಳ ಬೆಳೆಗಾರರನ್ನು ಒಂದೇ ಸಹಕಾರದಡಿ ತಂದ ಜನರ ಮಕ್ಕಳು, ಮೊಮ್ಮಕ್ಕಳು. ಹಾಗೆ ಒಗ್ಗಟ್ಟಾಗುವ ಶಕ್ತಿ ನಮಗಿತ್ತು. ಅಡಿಕೆ ಸುಲಿಯುವವರಿಗಾಗಿ ಏನು ಕಟ್ಟಿದೆವು? ನನ್ನ ಉದಾಹರಣೆಯಲ್ಲಿ ಅಕ್ಕ 'ನಮ್ಮ ಕನ್ನಡದ ಬಡ ಹೆಣ್ಣುಮಗಳು' ಆಗಿದ್ದರು. ಅವರು ಆಡುವುದು ತುಳು. ಅರ್ಜಿ ಕನ್ನಡದಲ್ಲಿದ್ದಿದ್ದರೂ ಅವರಿಗೆ ನಾನೇ ಓದಿ ಹೇಳಬೇಕಿತ್ತು, ಮತ್ತು ಉದ್ಯೋಗದ ಪಟ್ಟಿಯಲ್ಲಿ 'ವೀಟಮ್ಮ'ನ ಬದಲು ಶುದ್ಧ ಕನ್ನಡದಲ್ಲಿ 'ಗೃಹಿಣಿ' ಎಂದಿರುತ್ತಿತ್ತು.

ಮೀನುಗಾರರನ್ನು ಕುರಿತು ಬರೆಯುತ್ತಾ ಅರ್ಥಶಾಸ್ತ್ರಜ್ಞ ಜಾನ್ ಕುರಿಯನ್ 1995ರಲ್ಲಿ ಕೇರಳ ಮಾದರಿಯ ಅಭಿವೃದ್ಧಿಯ ಸರಾಸರಿಯಿಂದ ಹೊರಗುಳಿದವರು ಎಂಬ ಅರ್ಥದ ಮಾತು ಹೇಳಿದ್ದರು. ಅದನ್ನು ಓದಿದಾಗ ನಾನು ತಟ್ಟನೆ ಅಂದುಕೊಂಡದ್ದು, ನಮ್ಮನ್ನೂ ಸೇರಿಸಬೇಕಿತ್ತು, ಗಡಿನಾಡ ಕನ್ನಡಿಗರನ್ನು ಎಂದು. ಆ 'ನಾವು' ಎಂಬ ಮಾತಿನ ಒಳಗೂ ಒಂದು ಸರಾಸರಿ ಇದೆ ಎನ್ನುವುದು ಆಗ ಹೊಳೆದಿರಲಿಲ್ಲ. ಈಗ ತರಗತಿಯಲ್ಲಿ ಪಾಠದ ಕ್ರಮ ಸ್ವಲ್ಪ ಬದಲಿಸಿದ್ದೇನೆ. ಭೂಸುಧಾರಣೆಯ ಪಾಠಕ್ಕೆ ಮೊದಲು ಮಕ್ಕಳಿಗೆ ಒಂದು ಕೆಲಸ ಕೊಡುತ್ತೇನೆ: ಮನೆಯಲ್ಲಿರುವ ಜಾಗದ ಕಾಗದ ನೋಡಿ, ಎಷ್ಟು, ಯಾವ ವರ್ಷ, ಯಾವ ಹಕ್ಕಿನಿಂದ ಬಂತು ಎಂದು ಬರೆದು ತನ್ನಿ. ಈ ಸಲ ಮೂವರು ಖಾಲಿ ಹಾಳೆ ತಂದರು. ಒಬ್ಬಳು, "ಟೀಚರ್, ನಮ್ಮದು ಕಾಲೊನಿ, ಬರೆಯಬಹುದಾ" ಎಂದು ಮೆಲ್ಲಗೆ ಕೇಳಿದಳು. ದಲಿತರ, ಆದಿವಾಸಿಗಳ ವಸತಿಗೆ ಹೇಳುವ ಕಾಲೊನಿ ಎಂಬ ಪದ ಕೀಳರಿಮೆ ಹುಟ್ಟಿಸುತ್ತದೆ, ಬಳಸಬೇಡಿ ಎಂದು 2024ರ ಜೂನಿನಲ್ಲಿ ಸಚಿವ ಕೆ. ರಾಧಾಕೃಷ್ಣನ್ ಪದವಿ ಬಿಡುವ ಮುಂಚೆ ಆದೇಶ ಹೊರಡಿಸಿದ್ದರು. ಆ ಹುಡುಗಿಗೆ ಅದನ್ನು ಹೇಳಿದೆ. ಹಾಗಾದರೆ ಏನೆಂದು ಬರೆಯಲಿ ಎಂದು ಕೇಳಿದಳು. ಎಷ್ಟು ಸೆಂಟ್ಸ್ ಎಂದು ಬರೆ ಎಂದೆ.

ಹನ್ನೊಂದು ಮರ

ಪಟ್ಟಯವನ್ನು ಅಕ್ಕನಿಗೆ ಕೊಟ್ಟೆ. ಓದಿ ಹೇಳು ಎಂದರು. ಜಗಲಿಯ ಮೆಟ್ಟಿಲಿನಲ್ಲಿ ಅವರು, ಮೇಲೆ ನಾನು. ಅವರ ಅಜ್ಜನ ಹೆಸರು ಮಲಯಾಳದಲ್ಲಿ ಒಂದು ಸೊನ್ನೆ ಹೆಚ್ಚಾಗಿ ಬಿದ್ದಿತ್ತು, ನಮ್ಮ ಅಜ್ಜನದು ಪೂರ್ತಿ ತಪ್ಪಾಗಿತ್ತು. ಸರ್ವೆ ನಂಬರು, ನಾಲ್ಕು ಗಡಿ, ಹತ್ತು ಸೆಂಟ್ಸ್. ಅಕ್ಕ ಪೂರ್ವದ ಗಡಿಯನ್ನು ಎರಡು ಸಲ ಓದಿಸಿದರು. ಕಣಿ ಎಂದಿತ್ತು. ಅವರು ಏನೂ ಹೇಳದೆ ಕಾಗದವನ್ನು ಸೆರಗಿನಲ್ಲಿ ಸುತ್ತಿಕೊಂಡು ಹೋದರು.

ಮನೆಯ ಅರ್ಜಿಗೆ ಜಾಗದ ನಕ್ಷೆ ಬೇಕಾಗಿದ್ದರಿಂದ ತಿಂಗಳ ಬಳಿಕ ಅಳೆಯಲು ಸರ್ವೇಯರ್ ಬಂದ. ಬೇಲಿಯೊಳಗೆ ಸಿಕ್ಕಿದ್ದು ಏಳೂವರೆ ಸೆಂಟ್ಸ್. ಉಳಿದದ್ದು ಕಣಿಯ ಈಚೆ, ನಮ್ಮ ತೋಟದ ಕೊನೆಯ ಸಾಲು, ಹನ್ನೊಂದು ಅಡಿಕೆ ಮರ. ಅಳತೆ ಮುಗಿದಾಗ ಅಕ್ಕ ಅಲ್ಲಿಯೇ ಇದ್ದರು, ಅಪ್ಪನೂ ಇದ್ದರು. ಅಕ್ಕ ಏನನ್ನೂ ಕೇಳಲಿಲ್ಲ. ಸರ್ವೇಯರನಿಗೆ ಎಳನೀರು ಕೊಟ್ಟರು.

ಬೇಲಿ ಮೊದಲಿನಿಂದಲೂ ಅಲ್ಲಿಯೇ ಇತ್ತು, ಸರಪಳಿ ಹಿಡಿದವನದೇ ತಪ್ಪು ಎಂದು ಅಪ್ಪ ಈಗಲೂ ಹೇಳುತ್ತಾರೆ. ನಾನು ವಾದ ಮಾಡಿದರೆ ಊಟದಿಂದ ಏಳುತ್ತಾರೆ. ಕಳೆದ ವಾರ ಮೊದಲ ಕೊಯ್ಲು ಆಯಿತು. ಕೊನೆಯ ಸಾಲಿನ ಗೊನೆಗಳನ್ನು ಏನು ಮಾಡುವುದು ಎಂದು ಮರ ಹತ್ತಿದವನು ಕೇಳಿದಾಗ ಅಪ್ಪ ಉತ್ತರ ಕೊಡಲಿಲ್ಲ. ಅಮ್ಮ ಹೋಗಿ ಒಂದು ಹಳೆಯ ಸೀರೆ ತಂದು, ಅಂಗಳದಲ್ಲಿ ಆ ಮೂಲೆಯ ಕಲ್ಲಿನ ಹತ್ತಿರ ಹಾಸಿದರು. ಹನ್ನೊಂದು ಮರಗಳ ಅಡಿಕೆ ಅಲ್ಲಿ ಬೇರೆಯಾಗಿ ಒಣಗುತ್ತಿದೆ.